ಮೂಕಚಿತ್ರದ ತೆರೆಯ ಮೇಲೆ ಮಂಗಳೂರಿನ ಮಗಳು

1931ರ ‘ಮೃಚ್ಛಕಟಿಕ’ ಕನ್ನಡ ಚಿತ್ರರಂಗದ ಮೊದಮೊದಲ ಮೂಕಚಿತ್ರಗಳಲ್ಲಿ ಒಂದು. ‘ವಸಂತಸೇನಾ’ ಎಂಬ ಹೆಸರಿನಿಂದಲೂ ಅದನ್ನು ಗುರುತಿಸುತ್ತಾರೆ. ಶೂದ್ರಕನ ಸಂಸ್ಕೃತ ನಾಟಕವನ್ನು ತೆರೆಗೆ ತಂದವರು ಮೋಹನ್ ಭವನಾನಿ. ಏಣಾಕ್ಷಿ ರಾಮರಾವ್ ಅವರ ಜೊತೆಗೆ ಅದರಲ್ಲಿ ಅಭಿನಯಿಸಿದ ಇನ್ನೊಬ್ಬಾಕೆ ಕಮಲಾದೇವಿ ಚಟ್ಟೋಪಾಧ್ಯಾಯ. ಕರಕುಶಲ ಕಲೆಗಳಿಗೆ ಮರುಜೀವ ಕೊಟ್ಟವರು, ಉಪ್ಪಿನ ಸತ್ಯಾಗ್ರಹದಲ್ಲಿ ಜೈಲಿಗೆ ಹೋದವರು ಎಂದು ಅವರನ್ನು ನೆನೆಯುವವರು ಬಹಳ ಮಂದಿ. ಅವರು ನಟಿಯೂ ಆಗಿದ್ದರು ಎಂಬುದು ಮಾತ್ರ ಅವರ ಹುಟ್ಟೂರಲ್ಲೇ ಹೆಚ್ಚು ಜನಕ್ಕೆ ಗೊತ್ತಿಲ್ಲ. ಹಾಗಾಗಬಾರದಿತ್ತು.

ಸಿನಿಮಾ ಎಂಬ ಯಂತ್ರದ ಆಟ ಫ್ರಾನ್ಸಿನಲ್ಲಿ ಹುಟ್ಟಿ ವರ್ಷ ತುಂಬುವ ಮೊದಲೇ, 1896ರ ಜುಲೈ 7ರಂದು, ಮುಂಬೈಯ ವಾಟ್ಸನ್ ಹೋಟೆಲಿಗೆ ಬಂದಿತ್ತು. ಆದರೆ ಅದರಲ್ಲಿ ಅಭಿನಯಿಸುವುದು ಮರ್ಯಾದಸ್ಥರ ಕೆಲಸವೆಂದು ಫ್ರಾನ್ಸಿನವರಿಗೂ ಆಗ ಅನಿಸಿರಲಿಲ್ಲ. 1908ರಲ್ಲಿ ಪ್ಯಾರಿಸ್ಸಿನ ‘ಫಿಲ್ಮ್ ದಾರ್’ ಸಂಸ್ಥೆ ದೊಡ್ಡ ನಾಟಕಶಾಲೆಯ ಕಲಾವಿದರನ್ನೇ ಕರೆಸಿ ಐತಿಹಾಸಿಕ ಚಿತ್ರವೊಂದನ್ನು ಮಾಡಿತು. ರಂಗಭೂಮಿಯ ಮಹಾನಟಿ ಸಾರಾ ಬರ್ನಾರ್ 1900ರಲ್ಲೇ ಕ್ಯಾಮೆರಾದ ಮುಂದೆ ಹ್ಯಾಮ್ಲೆಟ್ ಆಗಿ ಕತ್ತಿವರಸೆ ಮಾಡಿದ್ದರು. 1912ರಲ್ಲಿ ಎಲಿಜಬೆತ್ ರಾಣಿಯಾದರು. ಅಷ್ಟು ಹೆಸರುಳ್ಳವರೇ ತೆರೆಗೆ ಬಂದ ಮೇಲೆ ಅದನ್ನು ಜಾತ್ರೆಯ ಆಟವೆಂದು ತಳ್ಳಿಹಾಕುವುದು ಕಷ್ಟವಾಯಿತು.

ನಮ್ಮಲ್ಲಿ ಅಡ್ಡಿ ಇನ್ನೂ ದೊಡ್ಡದಿತ್ತು. 1913ರ ‘ರಾಜಾ ಹರಿಶ್ಚಂದ್ರ’ಕ್ಕೆ ತಾರಾಮತಿಯ ಪಾತ್ರಕ್ಕೆ ಹೆಣ್ಣು ಸಿಗದೆ ನಿರ್ದೇಶಕ ಫಾಲ್ಕೆಯವರು ಅಣ್ಣಾ ಸಾಳುಂಕೆ ಎಂಬ ಗಂಡಸಿಗೆ ಸೀರೆ ಉಡಿಸಿದರು. ಅದೇ ವರ್ಷ ‘ಮೋಹಿನಿ ಭಸ್ಮಾಸುರ’ದಲ್ಲಿ ದುರ್ಗಾಬಾಯಿ ಕಾಮತ್ ಮತ್ತು ಅವರ ಮಗಳು ಕಮಲಾಬಾಯಿ ಅಭಿನಯಿಸಿದರೂ ಹಿಂಜರಿಕೆ ಹೋಗಲಿಲ್ಲ. ಕರಾವಳಿಯವರಿಗೆ ಇದೇನೂ ಹೊಸತಲ್ಲ. ಇಲ್ಲಿನ ಯಕ್ಷಗಾನ ಮೇಳಗಳಲ್ಲಿ ದ್ರೌಪದಿಯೂ ದಮಯಂತಿಯೂ ಗಂಡಸರ ಸ್ತ್ರೀವೇಷವೇ.

ಇಂಥ ಕಾಲದಲ್ಲಿ ಸಾರಸ್ವತ ಬ್ರಾಹ್ಮಣರ ಮನೆಯ ಹೆಣ್ಣುಮಗಳೊಬ್ಬಳು ಬಣ್ಣ ಹಚ್ಚಿದ್ದು ಹೇಗೆ?

ಕಮಲಾದೇವಿ ಹುಟ್ಟಿದ್ದು 1903ರ ಏಪ್ರಿಲ್ 3ರಂದು, ಮಂಗಳೂರಿನಲ್ಲಿ. ಅಷ್ಟು ಹೊತ್ತಿಗೆ ಊರಿನಲ್ಲಿ ಸುಧಾರಣೆಯ ಮಾತು ಹಳೆಯದಾಗಿತ್ತು. ಉಳ್ಳಾಲ ರಘುನಾಥಯ್ಯನವರು ಬ್ರಹ್ಮಸಮಾಜವನ್ನು ಬೆಳೆಸಿದ್ದರು. ಕುದ್ಮುಲ್ ರಂಗರಾಯರು ಸ್ವಜಾತಿಯವರ ಬಹಿಷ್ಕಾರಕ್ಕೆ ಬಗ್ಗದೆ ದಲಿತ ಮಕ್ಕಳಿಗೆ ಶಾಲೆ ತೆರೆದಿದ್ದರು. ಕಮಲಾದೇವಿಯ ತಂದೆ ಅನಂತಯ್ಯ ಧಾರೇಶ್ವರರು ಸರಕಾರದ ದೊಡ್ಡ ಅಧಿಕಾರಿ. ಅವರು ಉಯಿಲು ಬರೆಯದೆ ತೀರಿಕೊಂಡಾಗ ಮಗಳಿಗೆ ಏಳು ವರ್ಷ. ಆಸ್ತಿಯೆಲ್ಲ ಅವರ ಮೊದಲ ಹೆಂಡತಿಯ ಮಗನ ಪಾಲಾಯಿತು. ತಾಯಿ ಗಿರಿಜಾಬಾಯಿ ಆ ಕಡೆಯವರು ಕೊಡುತ್ತೇವೆಂದ ಜೀವನಾಂಶವನ್ನು ಬೇಡವೆಂದು ತನ್ನ ತವರಿನ ಹಣದಲ್ಲೇ ಮಕ್ಕಳನ್ನು ಸಾಕಿದರು. ಮಗಳ ಮುಂದಿನ ಬದುಕಿನ ದಿಟ್ಟತನವನ್ನೆಲ್ಲ ಈ ಒಂದು ನಿರಾಕರಣೆಯಲ್ಲೇ ಕಾಣಬಹುದು.

ಎಳೆಯ ಪ್ರಾಯದಲ್ಲೇ ಕಮಲಾದೇವಿಗೆ ಮದುವೆಯಾಯಿತು. ಅಷ್ಟೇ ಬೇಗ ಗಂಡನೂ ತೀರಿಕೊಂಡ. ಮೂಲೆ ಸೇರಬೇಕಾಗಿದ್ದ ಹುಡುಗಿ ಮದರಾಸಿನ ಕ್ವೀನ್ ಮೇರೀಸ್ ಕಾಲೇಜು ಸೇರಿದಳು. ಅಲ್ಲಿ ಗೆಳತಿಯಾದ ಸುಹಾಸಿನಿ ಸರೋಜಿನಿ ನಾಯ್ಡು ಅವರ ತಂಗಿ. ಅವರಿಬ್ಬರ ಸೋದರ ಹರೀಂದ್ರನಾಥ ಚಟ್ಟೋಪಾಧ್ಯಾಯ ಕವಿ, ನಾಟಕಕಾರ, ನಟ. ವಿಧವೆಗೆ ಮರುಮದುವೆ, ಅದೂ ಬಂಗಾಳಿಯೊಡನೆ! ಸಾರಸ್ವತ ಸಮಾಜದಲ್ಲಿ ವಿರೋಧವೆದ್ದಿತು, ಮದುವೆ ನಿಲ್ಲಲಿಲ್ಲ. ಮುಂದೆ ಇಬ್ಬರೂ ಬೇರೆಯಾದರು. ಆದರೆ ರಂಗದ ನಂಟು ಇಬ್ಬರನ್ನೂ ಬಿಡಲಿಲ್ಲ. ಹರೀಂದ್ರನಾಥರು ಮುಪ್ಪಿನಲ್ಲಿ ಹಿಂದಿ ಚಿತ್ರಗಳ ಮೆಚ್ಚಿನ ಅಜ್ಜನಾದರು. 1972ರ ‘ಬಾವರ್ಚಿ’ ಕಂಡವರಿಗೆ ಅವರ ಮುಖ ನೆನಪಿರುತ್ತದೆ.

ಹೀಗೆ ನಾಟಕದ ಹಾದಿಯಲ್ಲೇ ಕಮಲಾದೇವಿ ಚಿತ್ರಕ್ಕೆ ಬಂದರು. ‘ಮೃಚ್ಛಕಟಿಕ’ದ ನಾಯಕಿ ವಸಂತಸೇನೆ ಗಣಿಕೆ, ಬಡವನಾದ ಚಾರುದತ್ತನನ್ನು ಮನಸಾರೆ ಪ್ರೀತಿಸಿದವಳು. ಬಣ್ಣ ಹಚ್ಚುವ ಹೆಂಗಸರನ್ನು ಕೀಳಾಗಿ ಕಾಣುತ್ತಿದ್ದ ಸಮಾಜದಲ್ಲಿ ಅಂಥ ಕಥೆಯ ಚಿತ್ರಕ್ಕೆ ಒಪ್ಪಿದವರು ಹೆಸರಿಲ್ಲದವರಲ್ಲ. 1926ರಲ್ಲಿ ಮದರಾಸ್ ಶಾಸನಸಭೆಗೆ ಸ್ಪರ್ಧಿಸಿ ಕೆಲವೇ ಮತಗಳಿಂದ ಸೋತಿದ್ದ, ಅಖಿಲ ಭಾರತ ಮಹಿಳಾ ಸಮ್ಮೇಳನದ ಸಂಘಟನೆಗೆ ದುಡಿದಿದ್ದ ನಾಯಕಿ ಅವರು. ಅವರ ಸಾಲಿನ ರಾಜಕಾರಣಿಗಳಿಗೆ ಸಿನಿಮಾದಿಂದ ಏನೂ ಆಗಬೇಕಾದ್ದಿರಲಿಲ್ಲ. ಹೆಸರು ಕೆಡುವ ಅಪಾಯವೇ ಹೆಚ್ಚು. ಬರ್ನಾರ್ ತಮ್ಮ ಖ್ಯಾತಿಯನ್ನು ತೆರೆಗೆ ಕೊಟ್ಟರು, ಕಮಲಾದೇವಿ ತಮ್ಮ ಮಾನವನ್ನೇ ಪಣಕ್ಕಿಟ್ಟರು. ಎರಡನೆಯದೇ ದೊಡ್ಡ ಧೈರ್ಯ.

‘ಮೃಚ್ಛಕಟಿಕ’ದ ವರ್ಷವೇ, 1931ರ ಮಾರ್ಚ್ 14ರಂದು, ‘ಆಲಂ ಆರಾ’ ಮಾತಾಡಿತು. 1934ರಲ್ಲಿ ‘ಸತಿ ಸುಲೋಚನ’ ಕನ್ನಡದಲ್ಲೂ ಮಾತಾಡಿತು. ಮೂಕಚಿತ್ರಗಳ ರೀಲುಗಳನ್ನು ಕೇಳುವವರಿಲ್ಲವಾಯಿತು. ದೇಶದಲ್ಲಿ ತಯಾರಾದ ಸಾವಿರಕ್ಕೂ ಹೆಚ್ಚು ಮೂಕಚಿತ್ರಗಳಲ್ಲಿ ಉಳಿದವು ತೀರ ಕಡಿಮೆ.

ಕಮಲಾದೇವಿಯ ದಾರಿ ಚಳವಳಿಯ ಕಡೆಗಿತ್ತು. 1930ರಲ್ಲಿ ಮುಂಬೈಯಲ್ಲಿ ಉಪ್ಪು ಮಾರಿ ಅವರು ಸೆರೆಮನೆ ಕಂಡರು. ಸ್ವಾತಂತ್ರ್ಯದ ನಂತರ ನಿರಾಶ್ರಿತರಿಗೆ ಫರೀದಾಬಾದಿನಲ್ಲಿ ನೆಲೆ ಕಟ್ಟುವ ಕೆಲಸ, ಆಮೇಲೆ ಕರಕುಶಲ ಮಂಡಳಿ, 1966ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ. ಇಷ್ಟರ ನಡುವೆಯೂ ರಂಗದ ಕೆಲಸ ನಿಲ್ಲಲಿಲ್ಲ. ಅವರ ಮುಂದಾಳತ್ವದ ಭಾರತೀಯ ನಾಟ್ಯ ಸಂಘ 1958ರಲ್ಲಿ ದೆಹಲಿಯಲ್ಲಿ ಏಷ್ಯನ್ ಥಿಯೇಟರ್ ಇನ್‌ಸ್ಟಿಟ್ಯೂಟನ್ನು ತೆರೆಯಿತು. ಮರುವರ್ಷ ಶುರುವಾದ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಅದು ಬೆರೆಯಿತು. ನಟನೆಯನ್ನು ಓದಿ ಕಲಿಯುವ ವಿದ್ಯೆಯಾಗಿಸಿದವರಲ್ಲಿ ಹೀಗೆ ಒಬ್ಬ ಹಳೆಯ ಮೂಕಚಿತ್ರದ ನಟಿಯೂ ಇದ್ದಾರೆ.

ದೆಹಲಿಯಲ್ಲೇ ಅವರು ಕಟ್ಟಿದ ಇನ್ನೊಂದು ಸಂಸ್ಥೆಗೆ ಉಳ್ಳಾಲದ ಹೆಸರಿನವರ ನೆನಪು ಅಂಟಿಕೊಂಡಿದೆ. ಉಳ್ಳಾಲ ಶ್ರೀನಿವಾಸ ಮಲ್ಯರೆಂದರೆ ದಕ್ಷಿಣ ಕನ್ನಡದವರಿಗೆ ಬಂದರು, ವಿಮಾನ ನಿಲ್ದಾಣ, ಸುರತ್ಕಲ್‌ನ ಇಂಜಿನಿಯರಿಂಗ್ ಕಾಲೇಜು. ಲೋಕಸಭೆಯಲ್ಲಿ ಜಿಲ್ಲೆಯ ದನಿಯಾಗಿದ್ದ ಅವರು 1965ರಲ್ಲಿ ತೀರಿಕೊಂಡರು. ಅವರ ಸ್ಮರಣೆಗೆ ಕಮಲಾದೇವಿ ಕಟ್ಟಿದ್ದು ರಂಗ ಕರಕುಶಲ ವಸ್ತುಸಂಗ್ರಹಾಲಯ. ದೇಶದ ನಾನಾ ಕಡೆಯ ಗೊಂಬೆ, ಮುಖವಾಡ, ವೇಷಭೂಷಣಗಳು ಅಲ್ಲಿ ಒಟ್ಟಾಗಿವೆ. ತೆರೆಯ ಮುಂದೆ ನಿಲ್ಲುವ ನಟನನ್ನು ಜನ ನೋಡುತ್ತಾರೆ. ಅವನ ಕಿರೀಟ ಕಟ್ಟಿದವನನ್ನು, ಗೊಂಬೆ ಕೆತ್ತಿದವನನ್ನು ನೋಡುವುದಿಲ್ಲ. ರಂಗದ ಪ್ರೀತಿ, ಕುಶಲಕರ್ಮಿಗಳ ಪ್ರೀತಿ ಎರಡೂ ಇದ್ದ ಕಮಲಾದೇವಿ ಆ ಹಿಂಬದಿಯವರ ಕೈಕೆಲಸಕ್ಕೇ ಇಡೀ ವಸ್ತುಸಂಗ್ರಹಾಲಯವನ್ನು ಮೀಸಲಿಟ್ಟರು.