ಅಂಗಡಿಗೆ ಬೀಗ ಹಾಕುವ ಮೊದಲು ಅಂಗಡಿಯವನ ಮಾತೂ ಕೇಳಬೇಕು

ಊರಿನ ನ್ಯಾಯಬೆಲೆ ಅಂಗಡಿಯ ಲೈಸೆನ್ಸ್ ರದ್ದಾಯಿತು ಎಂದರೆ ಅರಳಿಕಟ್ಟೆ ಮೇಲೆ ಎರಡು ಮಾತು ಹುಟ್ಟುತ್ತವೆ. ‘ತೂಕದಲ್ಲಿ ಹೊಡೆದವನಿಗೆ ಹಾಗೇ ಆಗಬೇಕು’ ಎನ್ನುವುದು ಒಂದು. ‘ಯಾರೋ ಆಗದವರು ಅರ್ಜಿ ಹಾಕಿದ್ದಾರೆ’ ಎನ್ನುವುದು ಇನ್ನೊಂದು. ಯಾವುದು ನಿಜ ಎಂದು ತಿಳಿಯಬೇಕಾದರೆ ಅಧಿಕಾರಿ ಎರಡೂ ಕಡೆಯ ಮಾತು ಕೇಳಬೇಕು. ಇವತ್ತು ಇದು ಕಾನೂನು. ಆದರೆ ಎಪ್ಪತ್ತೈದು ವರ್ಷಗಳ ಹಿಂದೆ ಹೀಗಿರಲಿಲ್ಲ.

ಎರಡನೇ ಮಹಾಯುದ್ಧದ ಕಾಲದಲ್ಲಿ ಸಿಲೋನಿನಲ್ಲಿ, ಅಂದರೆ ಈಗಿನ ಶ್ರೀಲಂಕಾದಲ್ಲಿ, ಬಟ್ಟೆಗೂ ಕೂಪನ್ ಬಂತು. ಕೂಪನ್ ಲೆಕ್ಕ ತಿದ್ದಿದ ಅನುಮಾನದ ಮೇಲೆ ಜವಳಿ ನಿಯಂತ್ರಣಾಧಿಕಾರಿ ಒಬ್ಬ ವ್ಯಾಪಾರಿಯ ಲೈಸೆನ್ಸ್ ರದ್ದು ಮಾಡಿದರು. ಇದೇ ನಕ್ಕುಡ ಅಲಿ ಪ್ರಕರಣ. ಆಗ ಸಿಲೋನಿನ ಕೊನೆಯ ಮೇಲ್ಮನವಿ ಲಂಡನ್ನಿನ ಪ್ರಿವಿ ಕೌನ್ಸಿಲ್‌ಗೆ ಹೋಗುತ್ತಿತ್ತು. 1950ರಲ್ಲಿ ಅದು ಕೊಟ್ಟ ತೀರ್ಪಿನ ಸಾರ ಹೀಗಿತ್ತು: ಅಧಿಕಾರಿಗೆ ಸರಿಯಾದ ಕಾರಣ ಇರಬೇಕು, ನಿಜ. ಆದರೆ ಲೈಸೆನ್ಸ್ ಸರ್ಕಾರ ಕೊಟ್ಟ ಅನುಕೂಲ; ಅದನ್ನು ವಾಪಸ್ ಪಡೆಯುವಾಗ ನ್ಯಾಯಾಲಯದಂತೆ ವಿಚಾರಣೆ ನಡೆಸುವ ಹೊಣೆ ಇಲ್ಲ. ಆ ವ್ಯಾಪಾರಿಗೆ ಉತ್ತರ ಕೊಡಲು ಅವಕಾಶ ಸಿಕ್ಕಿತ್ತು ಎಂದೂ ಅದು ಹೇಳಿತು. ಆದರೂ ‘ಹೊಣೆ ಇಲ್ಲ’ ಎಂಬ ಆ ಮಾತು ಮುಂದೆ ಬಂದ ಅಂಗಡಿಯವರಿಗೆಲ್ಲ ಅಡ್ಡವಾಯಿತು.

ಸ್ವತಂತ್ರ ಭಾರತದಲ್ಲಿ ಸಂವಿಧಾನ ಬಂದಿತ್ತು. ವ್ಯಾಪಾರ ಮಾಡುವುದು ಪ್ರಜೆಯ ಹಕ್ಕು ಎಂದು ಅದರ 19ನೇ ವಿಧಿ ಹೇಳಿತ್ತು. ಕಾನ್ಪುರದ ಕಲ್ಲಿದ್ದಲು ವ್ಯಾಪಾರಿಗಳು ಇದೇ ಹಕ್ಕು ಹಿಡಿದು ಸುಪ್ರೀಂ ಕೋರ್ಟಿಗೆ ಹೋದರು. ಉತ್ತರ ಪ್ರದೇಶದ 1953ರ ಕಲ್ಲಿದ್ದಲು ನಿಯಂತ್ರಣ ಆದೇಶದ ಪ್ರಕಾರ, ಕಾರಣ ಬರೆದಿಟ್ಟರೆ ಸಾಕು, ಅಧಿಕಾರಿ ಯಾರ ಲೈಸೆನ್ಸನ್ನಾದರೂ ರದ್ದು ಮಾಡಬಹುದಿತ್ತು. ಆ ಕಾರಣ ಸರಿಯೇ ಎಂದು ನೋಡುವ ಮೇಲಧಿಕಾರಿ ಇಲ್ಲ, ದಾರಿ ತೋರಿಸುವ ನಿಯಮವೂ ಇಲ್ಲ. 1954ರ ಜನವರಿಯಲ್ಲಿ ನ್ಯಾಯಾಲಯ ಆ ಕಲಮನ್ನೇ ತೆಗೆದುಹಾಕಿತು.

1963ರಲ್ಲಿ ಇಂಗ್ಲೆಂಡೂ ದಾರಿ ಬದಲಿಸಿತು. ಬ್ರೈಟನ್ ನಗರದ ಪೊಲೀಸ್ ಮುಖ್ಯಸ್ಥರನ್ನು ಅವರ ಮಾತು ಕೇಳದೆ ಕೆಲಸದಿಂದ ತೆಗೆದದ್ದು ಅಸಿಂಧು ಎಂದು ಅಲ್ಲಿನ ಅತ್ಯುನ್ನತ ಪೀಠ ತೀರ್ಪಿತ್ತಿತು. ಸಿಲೋನ್ ತೀರ್ಪಿನ ತರ್ಕ ತಪ್ಪು ಎಂದು ಲಾರ್ಡ್ ರೀಡ್ ಅದೇ ತೀರ್ಪಿನಲ್ಲಿ ಹೇಳಿದರು.

ನಮ್ಮಲ್ಲಿ 1978ರ ಮೇನಕಾ ಗಾಂಧಿ ಪ್ರಕರಣ ಇದನ್ನು ಗಟ್ಟಿ ಮಾಡಿತು. ಅಲ್ಲಿದ್ದದ್ದು ಪಾಸ್‌ಪೋರ್ಟಿನ ವಿಷಯ. ಆದರೂ ಸುಪ್ರೀಂ ಕೋರ್ಟಿನ ಮಾತು ಎಲ್ಲ ಕಚೇರಿಗೂ ತಟ್ಟಿತು: ಒಬ್ಬರಿಗೆ ನಷ್ಟವಾಗುವ ತೀರ್ಮಾನಕ್ಕೆ ಮೊದಲು ಅವರ ಮಾತು ಕೇಳಬೇಕು. ತಡಮಾಡಿದರೆ ಕೆಲಸ ಕೆಡುತ್ತದೆ ಎನ್ನುವಾಗ ಮೊದಲು ಕ್ರಮ ಕೈಗೊಂಡು, ಕೂಡಲೇ ವಿಚಾರಣೆಗೆ ಅವಕಾಶ ಕೊಡಬಹುದು.

ಹಾಗಾದರೆ ಇದು ಕಳ್ಳರನ್ನು ಕಾಪಾಡುವ ನಿಯಮವೇ? ಅಲ್ಲ. ಅಕ್ಕಿ ಕದ್ದವನ ಲೈಸೆನ್ಸ್ ಹೋಗಲೇಬೇಕು, ಇಲ್ಲವಾದರೆ ಕಾರ್ಡುದಾರರಿಗೆ ಅನ್ಯಾಯ. ಆದರೆ ವಿಚಾರಣೆ ಇಲ್ಲದೆ ಮಾಡಿದ ಆದೇಶ ಕೋರ್ಟಿನಲ್ಲಿ ಬಿದ್ದುಹೋಗಬಹುದು. ಆಗ ಕದ್ದವನೇ ಮತ್ತೆ ತಕ್ಕಡಿ ಹಿಡಿಯುತ್ತಾನೆ. ಕ್ರಮ ಸರಿಯಾಗಿದ್ದರೆ ಶಿಕ್ಷೆಯೂ ನಿಲ್ಲುತ್ತದೆ.

ನಮ್ಮ ಓದುಗರಲ್ಲಿ ಅಂಗಡಿ ಇಟ್ಟವರೂ ಇದ್ದೀರಿ. ಕಾರಣ ಕೇಳಿ ನೋಟಿಸ್ ಬಂದರೆ ಮಡಚಿ ಗಲ್ಲಾಪೆಟ್ಟಿಗೆಯಲ್ಲಿ ಇಡಬೇಡಿ. ಗಡುವಿನೊಳಗೆ ಬರವಣಿಗೆಯಲ್ಲೇ ಉತ್ತರ ಕೊಟ್ಟು, ಪ್ರತಿಯ ಮೇಲೆ ಸ್ವೀಕೃತಿಯ ಸೀಲು ಹಾಕಿಸಿಕೊಳ್ಳಿ. ದೂರಿನ ಪ್ರತಿ ಕೇಳಿ. ಆದೇಶದಲ್ಲಿ ಕಾರಣ ಬರೆದಿದೆಯೇ, ನಿಮ್ಮ ಉತ್ತರದ ಪ್ರಸ್ತಾಪ ಇದೆಯೇ ನೋಡಿ. ನ್ಯಾಯಬೆಲೆ ಅಂಗಡಿಯಾದರೆ, ಕೇಂದ್ರದ 2015ರ ಪಡಿತರ ನಿಯಂತ್ರಣ ಆದೇಶದ ಪ್ರಕಾರ 30 ದಿನಗಳ ಒಳಗೆ ಮೇಲ್ಮನವಿ ಹಾಕಬಹುದು.

ದೂರು ಕೊಟ್ಟವರೂ ವಿಚಾರಣೆಗೆ ಹೋಗಿ, ತೂಕದ ಚೀಟಿ, ರಸೀದಿ ಮುಂದಿಡಿ. ಎರಡೂ ಕಡೆಯ ಮಾತು ದಾಖಲಾದ ಮೇಲೆ ಬೀಳುವ ಬೀಗಕ್ಕೆ ಹೆಚ್ಚು ಬಲ.