ಬೃಹತ್ತಿನ ದಕಾರ, ಗೃಹದ ದಕಾರ: ‘ಅನರ್ಥಕೋಶ’ದ ಓದಿಗೊಂದು ಟಿಪ್ಪಣಿ

ಕಿಟೆಲ್ ಅವರ ಕನ್ನಡ–ಇಂಗ್ಲಿಷ್ ಕೋಶ ಮಂಗಳೂರಿನ ಬಾಸೆಲ್ ಮಿಶನ್ ಮುದ್ರಣಾಲಯದಿಂದ ಹೊರಬಂದದ್ದು 1894ರಲ್ಲಿ. ಸುಮಾರು 70,000 ಪದಗಳಿಗೆ ಅರ್ಥ ಹೇಳಿದ ಆ ಜರ್ಮನ್ ಪಾದ್ರಿಯ ಮನೆಮಾತು ಕನ್ನಡವಲ್ಲ. ಮುಂದೆ ‘ಅನರ್ಥಕೋಶ’ ಎಂಬ ಹಾಸ್ಯ ನಿಘಂಟನ್ನು ಬರೆದ ನಾ. ಕಸ್ತೂರಿಯವರದೂ ಅಲ್ಲ. 1897ರಲ್ಲಿ ಕೇರಳದ ತ್ರಿಪುಣಿತ್ತುರದಲ್ಲಿ ಹುಟ್ಟಿದ ಅವರು ಮೈಸೂರಿನ ಮಹಾರಾಜ ಕಾಲೇಜಿನಲ್ಲಿ ಚರಿತ್ರೆ ಕಲಿಸಿದವರು. ಹಾಸ್ಯ ಲೇಖಕ ರಾಶಿ 1942ರಲ್ಲಿ ಆರಂಭಿಸಿದ ಹಾಸ್ಯ ಪತ್ರಿಕೆ ‘ಕೊರವಂಜಿ’ಯ ಬರಹಗಾರರಲ್ಲಿ ಒಬ್ಬರು. ಕಲಿತು ಪಡೆದ ಭಾಷೆಯಲ್ಲಿ ಪದದ ಕೀಲುಗಳು ಬೇಗ ಕಣ್ಣಿಗೆ ಬೀಳುತ್ತವೆ ಎಂಬುದು ನನ್ನ ಊಹೆ.

ಕಸ್ತೂರಿಯವರ ಇನ್ನೊಂದು ಕೃತಿಯ ಹೆಸರನ್ನೇ ನೋಡಿ: ‘ಗೃಹದಾರಣ್ಯಕ’. ‘ಬೃಹದಾರಣ್ಯಕ’ ಉಪನಿಷತ್ತಿನ ಹೆಸರಿನ ‘ಬೃ’ ಹೋಗಿ ‘ಗೃ’ ಬಂದಿದೆ, ಅಷ್ಟೇ ಎನಿಸುತ್ತದೆ. ಆದರೆ ‘ಬೃಹತ್ + ಆರಣ್ಯಕ’ದಲ್ಲಿ ತಕಾರ ದಕಾರವಾದದ್ದು ಸಂಸ್ಕೃತದ ಜಶ್ತ್ವ ಸಂಧಿಯಿಂದ. ‘ಗೃಹದಾರಣ್ಯಕ’ವನ್ನು ಬಿಡಿಸಿದರೆ ಅದೇ ದಕಾರ ‘ಗೃಹದ’ ಎಂಬ ಕನ್ನಡದ ಷಷ್ಠಿಯಾಗುತ್ತದೆ. ಬದಲಾದದ್ದು ಒಂದಕ್ಷರ, ಅದರ ಕೆಳಗೆ ಇಡೀ ವ್ಯಾಕರಣವೇ ಮಗ್ಗುಲು ಬದಲಿಸಿದೆ. ಕಾಡಿನ ವೇದಾಂತ ಸದ್ದಿಲ್ಲದೆ ಸಂಸಾರದೊಳಗೆ ಬಂದು ಕೂತಿದೆ.

ಇಂಥ ಕೀಲುಗಳನ್ನು ಬಿಚ್ಚಿ ನೋಡುವ ಅಭ್ಯಾಸ ಜರ್ಮನ್ ಭಾಷೆಯಲ್ಲಿ ಹಳೆಯದು. ಲೇಖಕ ಜಾನ್ ಪೌಲ್ 1804ರಲ್ಲೇ ಹಾಸ್ಯವನ್ನು ಸೌಂದರ್ಯಮೀಮಾಂಸೆಯ ವಿಷಯವಾಗಿಸಿದ. ವಿಯೆನ್ನಾದ ಫ್ರಾಯ್ಡ್ ಹಾಸ್ಯದ ಕುರಿತ 1905ರ ತನ್ನ ಗ್ರಂಥದಲ್ಲಿ ಕವಿ ಹೈನೆಯ ಒಂದೇ ಪದವನ್ನು ಹಿಡಿದು ಹೊರಟ. ಶ್ರೀಮಂತ ರಾಥ್‌ಶೀಲ್ಡ್ ತನ್ನನ್ನು ‘ಫಮಿಲಿಯೊನೇರ್’ ಆಗಿ ಕಂಡ ಎಂದು ಹೈನೆಯ ಪಾತ್ರವೊಂದು ಕೊಚ್ಚಿಕೊಳ್ಳುತ್ತದೆ. ಸಲಿಗೆಯ ಮಾತಿನೊಳಗೆ ಮಿಲಿಯಾಧಿಪತಿ ನುಸುಳಿದ್ದಾನೆ. ಬಿಡಿಸಿ ಹೇಳಿದರೆ ಚುಚ್ಚು ಉಳಿಯುತ್ತದೆ, ನಗು ಉಳಿಯುವುದಿಲ್ಲ. ನಗು ಇದ್ದದ್ದು ಪದದ ಕಟ್ಟಿನಲ್ಲಿ ಎಂಬುದಕ್ಕೆ ಇದೇ ಫ್ರಾಯ್ಡ್‌ನ ಪುರಾವೆ.

ಪದ ಬಿಡಿಸುವ ಈ ಕೆಲಸವನ್ನು ನಮ್ಮ ಬಡಾವಣೆಯ ಹೆಸರಿನ ಮೇಲೂ ಮಾಡಬಹುದು. ಹೆಬ್ಬೆರಳು, ಹೆಬ್ಬಾವು, ಹೆಬ್ಬಾಗಿಲುಗಳ ಸಾಲಿಗೆ ಮೈಸೂರಿನ ಹೆಬ್ಬಾಳವನ್ನೂ ನಿಲ್ಲಿಸಿ ‘ಹಿರಿದಾದ ಬಾಳು’ ಎಂದು ಬಿಡಿಸಿದರೆ ಅದು ಸ್ಥಳನಾಮ ಶಾಸ್ತ್ರವಲ್ಲ, ಶುದ್ಧ ಅನರ್ಥ. ಇನ್ಫೋಸಿಸ್ ಕ್ಯಾಂಪಸ್ಸಿನ ಆಸುಪಾಸಿನಲ್ಲಿ ಸೈಟು ಕೇಳಿ ಬಂದವರು ಮಾತ್ರ ನಗುತ್ತಾರೆ. ಅವರು ನಗುವುದು ವ್ಯುತ್ಪತ್ತಿ ಸರಿಯಿದೆಯೆಂದಲ್ಲ. ತಪ್ಪು ವ್ಯುತ್ಪತ್ತಿ ಸರಿಯಾದ ಜಾಗಕ್ಕೆ ತಾಗಿತೆಂದು. ‘ಅನರ್ಥ’ ಎಂಬ ಮಾತಿಗೂ ಇವೆರಡೇ ಮುಖ: ಅರ್ಥವಿಲ್ಲದ್ದು, ಎಡವಟ್ಟಾದದ್ದು.

ಆದ್ದರಿಂದ ಕಸ್ತೂರಿಯವರ ಹಾಸ್ಯವನ್ನು ಮನೆ, ಕಚೇರಿ, ರಾಜಕೀಯ ಎಂದು ವಸ್ತುವಾರು ವಿಂಗಡಿಸಿದರೆ ಸಾಲದು. ಸಂಧಿಯಿಂದ ಹುಟ್ಟಿದ್ದು, ವಿಭಕ್ತಿಯಿಂದ ಹುಟ್ಟಿದ್ದು, ಅಕ್ಷರ ಪಲ್ಲಟದಿಂದ ಹುಟ್ಟಿದ್ದು ಎಂದು ರಚನಾವಾರು ಪಟ್ಟಿ ಮಾಡಬೇಕು. ‘ಅನರ್ಥಕೋಶ’ ತೆರೆಯುವವರು ಪಕ್ಕದಲ್ಲಿ ಕಿಟೆಲ್ ಕೋಶವನ್ನೂ ತೆರೆದಿಟ್ಟುಕೊಳ್ಳಲಿ. ಅರ್ಥ ತಿಳಿಯದವರಿಗೆ ಅನರ್ಥ ದಕ್ಕುವುದಿಲ್ಲ.