ಎರಡು ಪಟ್ಟಿಗಳು, ಮೂರು ಹಾರ್ಡ್ ಡಿಸ್ಕ್‌ಗಳು

ಕೆಲಸಕ್ಕೆ ಸೇರಿದ ಮೊದಲ ವಾರ ನಮಗೆಲ್ಲ ಹೇಳಿಕೊಡುವ ಪಾಠ ಒಂದಿದೆ: ಏನನ್ನಾದರೂ ಅಳಿಸುವ ಮುಂಚೆ ಬ್ಯಾಕಪ್ ಇದೆಯಾ ನೋಡು. ಸಾಫ್ಟ್‌ವೇರ್‌ನವರಿಗೆ ಇದು ರಾತ್ರಿ ನಿದ್ದೆ ಉಳಿಸಿಕೊಳ್ಳುವ ಉಪಾಯ, ಅಷ್ಟೆ. ಆದರೆ ಇದೇ ಪಾಠವನ್ನು ಸರ್ಕಾರಿ ಶಾಲೆಯ ಮೇಷ್ಟ್ರುಗಳ ನೇಮಕಾತಿಯ ಇತಿಹಾಸದಲ್ಲಿ ಓದಿದಾಗ ಸ್ವಲ್ಪ ಹೆದರಿಕೆಯೇ ಆಯಿತು. ಎರಡು ಮೊಕದ್ದಮೆಗಳ ಕಥೆ ಹೇಳುತ್ತೇನೆ, ಕೇಳಿ.

ಮೊದಲನೆಯದು ಹರಿಯಾಣದ್ದು. ಅಲ್ಲಿ ಪ್ರಾಥಮಿಕ ಶಾಲೆಯ ಶಿಕ್ಷಕರಿಗೆ ಜೆಬಿಟಿ ಶಿಕ್ಷಕರು ಅಂತಾರೆ, ನಮ್ಮಲ್ಲಿ ಹಿಂದೆ ಟಿಸಿಎಚ್ ಮಾಡಿದವರು ಇದ್ದರಲ್ಲ, ಹಾಗೆ. 1999-2000ರಲ್ಲಿ 3,206 ಹುದ್ದೆಗಳ ನೇಮಕ ನಡೆಯಿತು. ಈ ಕೆಲಸವನ್ನು ಸಿಬ್ಬಂದಿ ಆಯ್ಕೆ ಆಯೋಗದ ಕೈಯಿಂದ ತೆಗೆದು ಜಿಲ್ಲಾ ಮಟ್ಟದ ಸಮಿತಿಗಳಿಗೆ ಕೊಟ್ಟರು. ಸಮಿತಿಗಳು ಸಂದರ್ಶನ ಮಾಡಿ ಅಂಕ ಹಾಕಿ ಪಟ್ಟಿ ತಯಾರಿಸಿದವು. ಆಮೇಲೆ ಆ ಪಟ್ಟಿಯ ಜಾಗಕ್ಕೆ ಇನ್ನೊಂದು ಪಟ್ಟಿ ಬಂತು! ಸಂದರ್ಶನದ ಅಂಕಗಳು ಬದಲಾಗಿದ್ದವು, ಅಧಿಕಾರಿಗಳ ಸಹಿ ಮಾತ್ರ ಕೆಳಗೆ ಸರಿಯಾಗಿಯೇ ಇತ್ತು.

2003ರಲ್ಲಿ ಸಂಜೀವ್ ಕುಮಾರ್ ಎಂಬ ಐಎಎಸ್ ಅಧಿಕಾರಿ ಸುಪ್ರೀಂ ಕೋರ್ಟಿಗೆ ಹೋಗಿ ಪಟ್ಟಿ ಬದಲಾದ ವಿಷಯ ಹೇಳಿದರು. ಅವರೇ ಪ್ರಾಥಮಿಕ ಶಿಕ್ಷಣ ಇಲಾಖೆಯ ನಿರ್ದೇಶಕರಾಗಿದ್ದವರು. ತನಿಖೆ ಸಿಬಿಐ ಕೈಗೆ ಹೋಯಿತು. ಮುಂದೆ ನಡೆದದ್ದು ಸಿನಿಮಾದಲ್ಲೂ ಬರಲಿಕ್ಕಿಲ್ಲ. 2013ರ ಜನವರಿಯಲ್ಲಿ ದೆಹಲಿಯ ವಿಶೇಷ ನ್ಯಾಯಾಲಯ 55 ಜನರನ್ನು ತಪ್ಪಿತಸ್ಥರೆಂದಿತು. ಮಾಜಿ ಮುಖ್ಯಮಂತ್ರಿ ಓಂ ಪ್ರಕಾಶ್ ಚೌಟಾಲಾ, ಅವರ ಮಗ ಅಜಯ್ ಚೌಟಾಲಾ, ದೂರು ಕೊಟ್ಟ ಸಂಜೀವ್ ಕುಮಾರ್, ಮೂವರಿಗೂ 10 ವರ್ಷ ಜೈಲು. ಹೌದು, ದೂರು ಕೊಟ್ಟವರಿಗೂ! 2015ರಲ್ಲಿ ದೆಹಲಿ ಹೈಕೋರ್ಟ್ ಅದನ್ನು ಎತ್ತಿಹಿಡಿಯಿತು.

ಎರಡನೆಯದು ಪಶ್ಚಿಮ ಬಂಗಾಳದ್ದು. 2016ರಲ್ಲಿ ಅಲ್ಲಿನ ಸ್ಕೂಲ್ ಸರ್ವಿಸ್ ಕಮಿಷನ್ 9ರಿಂದ 12ನೇ ತರಗತಿಯ ಶಿಕ್ಷಕರು ಮತ್ತು ಬೋಧಕೇತರ ಸಿಬ್ಬಂದಿಗಾಗಿ ಪರೀಕ್ಷೆ ನಡೆಸಿತು. 24,640 ಹುದ್ದೆ, 23 ಲಕ್ಷಕ್ಕೂ ಹೆಚ್ಚು ಅಭ್ಯರ್ಥಿಗಳು. ಕೊನೆಗೆ ಆದ ನೇಮಕ 25,753. ಇದ್ದ ಹುದ್ದೆಗಿಂತ ಜಾಸ್ತಿ! ರ‍್ಯಾಂಕಿನಲ್ಲಿ ಹಿಂದಿದ್ದವರು ಮುಂದೆ ಬಂದಿದ್ದರು, ಪಟ್ಟಿಯಲ್ಲೇ ಇಲ್ಲದವರಿಗೂ ಆದೇಶ ಸಿಕ್ಕಿತ್ತು. ಖಾಲಿ ಓಎಂಆರ್ ಹಾಳೆ ಕೊಟ್ಟವರೂ ಪಾಸಾಗಿದ್ದರು.

ಇದರಲ್ಲಿ ಒಂದು ಹುದ್ದೆಯ ಕಥೆ ಕೇಳಿ. ಮಂತ್ರಿಯೊಬ್ಬರ ಮಗಳಿಗೆ ಸಿಕ್ಕಿದ್ದ ಕೆಲಸವನ್ನು 2022ರಲ್ಲಿ ಕಲ್ಕತ್ತಾ ಹೈಕೋರ್ಟ್ ರದ್ದು ಮಾಡಿ, ಕೇಸು ಹಾಕಿದ್ದ ಹುಡುಗಿಗೆ ಕೊಡಿಸಿತು. ಮರುವರ್ಷ ಆ ಹುಡುಗಿಗೆ ಪದವಿಯ ಅಂಕದ ಲೆಕ್ಕದಲ್ಲಿ ಹೆಚ್ಚಿಗೆ ಸಿಕ್ಕಿದೆಯೆಂದು ಗೊತ್ತಾಗಿ ಕೆಲಸ ಮೂರನೆಯವಳಿಗೆ ಹೋಯಿತು. ಕೊನೆಗೆ ಇಡೀ ನೇಮಕವೇ ರದ್ದಾದಾಗ ಮೂರನೆಯವಳ ಕೆಲಸವೂ ಹೋಯಿತು.

ಇಡೀ ನೇಮಕ ಯಾಕೆ ರದ್ದಾಯಿತು? ನನ್ನನ್ನು ಕಾಡಿದ್ದು ಇದೇ. ಆಯೋಗ ಮೂಲ ಓಎಂಆರ್ ಹಾಳೆಗಳನ್ನು ನಾಶ ಮಾಡಿತ್ತು. ಅವುಗಳ ಸ್ಕ್ಯಾನ್ ಪ್ರತಿಯನ್ನು ತನ್ನ ಸರ್ವರಿನಲ್ಲೂ ಇಟ್ಟುಕೊಂಡಿರಲಿಲ್ಲ. ಕೊನೆಗೆ ಸಿಬಿಐಗೆ ಹಾಳೆಗಳ ಮಾಹಿತಿ ಸಿಕ್ಕಿದ್ದು ದೂರದ ಗಾಜಿಯಾಬಾದಿನಲ್ಲಿ, ಮೌಲ್ಯಮಾಪನದ ಗುತ್ತಿಗೆ ಪಡೆದಿದ್ದ ಕಂಪನಿಯ ಮಾಜಿ ನೌಕರನೊಬ್ಬನ ಬಳಿಯಿದ್ದ ಮೂರು ಹಾರ್ಡ್ ಡಿಸ್ಕ್‌ಗಳಲ್ಲಿ. ಅದರಲ್ಲಿದ್ದ ಅಂಕಕ್ಕೂ ಆಯೋಗದ ಸರ್ವರಿನ ಅಂಕಕ್ಕೂ ತಾಳೆಯಾಗಲಿಲ್ಲ.

ಕೋರ್ಟುಗಳು ಇಂಥ ಕೇಸುಗಳಲ್ಲಿ ಕೇಳುವ ಪ್ರಶ್ನೆ ಒಂದೇ: ಕಾಳು ಯಾವುದು, ಜೊಳ್ಳು ಯಾವುದು ಅಂತ ಬೇರೆ ಮಾಡಲು ಆಗುತ್ತದೆಯೇ? ಆದರೆ ಜೊಳ್ಳನ್ನಷ್ಟೇ ತೆಗೆಯಬೇಕು. ಆಗದಿದ್ದರೆ ಇಡೀ ರಾಶಿಯೇ ಹೋಗಬೇಕು. ಇಲ್ಲಿ ಸಿಕ್ಕಿಬಿದ್ದ ಕೆಲವರನ್ನು ಗುರುತಿಸಬಹುದಿತ್ತು. ಆದರೆ ಉಳಿದವರೆಲ್ಲ ಪ್ರಾಮಾಣಿಕರು ಎಂದು ಖಚಿತವಾಗಿ ಹೇಳಬಲ್ಲ ಮೂಲ ದಾಖಲೆಯೇ ಇರಲಿಲ್ಲ. 2024ರ ಏಪ್ರಿಲ್‌ನಲ್ಲಿ ಕಲ್ಕತ್ತಾ ಹೈಕೋರ್ಟ್ ಎಲ್ಲವನ್ನೂ ರದ್ದು ಮಾಡಿತು. 2025ರ ಏಪ್ರಿಲ್ 3ರಂದು ಸುಪ್ರೀಂ ಕೋರ್ಟ್ ರದ್ದತಿಯನ್ನು ಒಪ್ಪಿತು. ಅಕ್ರಮವಾಗಿ ಸೇರಿದವರು ಸಂಬಳ ವಾಪಸ್ ಕೊಡಬೇಕು, ಉಳಿದವರು ಕೊಡಬೇಕಿಲ್ಲ ಎಂದಿತು. ಆದರೆ ಕೆಲಸ? ಅದಕ್ಕೆ ಮತ್ತೆ ಪರೀಕ್ಷೆ. 2025ರ ಸೆಪ್ಟೆಂಬರಿನಲ್ಲಿ, ವರ್ಷಗಟ್ಟಲೆ ಪಾಠ ಮಾಡಿದ್ದ ಮೇಷ್ಟ್ರುಗಳು ಹಾಲ್ ಟಿಕೆಟ್ ಹಿಡಿದು ಹೊಸ ಹುಡುಗರ ಪಕ್ಕ ಕೂತು ಪರೀಕ್ಷೆ ಬರೆದರು.

ನಮ್ಮ ಕಡೆ ನೋಡಿದರೆ, 1994ರಿಂದ 1999ರವರೆಗೆ ಶಿಕ್ಷಣ ಮಂತ್ರಿಯಾಗಿದ್ದ ಎಚ್.ಜಿ. ಗೋವಿಂದೇಗೌಡರ ಹೆಸರನ್ನು ಇವತ್ತಿಗೂ ಶಿಕ್ಷಕರು ನೆನೆಯುತ್ತಾರೆ. ಲಂಚವಿಲ್ಲದೆ, ಅಂಕದ ಆಧಾರದ ಮೇಲೆ ಅಷ್ಟೊಂದು ಶಿಕ್ಷಕರ ನೇಮಕ ಮಾಡಿದರೆಂದು. ನಮ್ಮಲ್ಲಿ ಎಷ್ಟೋ ಜನಕ್ಕೆ ಅ ಆ ಇ ಈ ತಿದ್ದಿಸಿದವರು ಆ ನೇಮಕದವರೇ ಇರಬಹುದು. ಹಾಗಂತ ನಾವು ಬೀಗಬೇಕಿಲ್ಲ. 2012-13 ಮತ್ತು 2014-15ರ ನೇಮಕಾತಿಗಳ ಅಕ್ರಮದ ಬಗ್ಗೆ 2022ರಲ್ಲಿ ಸಿಐಡಿ ನಮ್ಮ ರಾಜ್ಯದಲ್ಲೂ ಶಿಕ್ಷಕರನ್ನು ಬಂಧಿಸಿತು.

ಹರಿಯಾಣದಲ್ಲಿ ಕಾಗದ ಉಳಿದಿತ್ತು. ಹಾಗಾಗಿ ಇಂಥವರೇ ತಪ್ಪು ಮಾಡಿದವರು ಅಂತ ಬೆರಳಿಟ್ಟು ತೋರಿಸಲು ಆಯಿತು. ಬಂಗಾಳದಲ್ಲಿ ಕಾಗದ ಹೋಯಿತು. ದಾಖಲೆ ಇದ್ದರೆ ಕಳ್ಳ ಸಿಕ್ಕಿಬೀಳುತ್ತಾನೆ ಅಂತಷ್ಟೇ ನಾನು ಅಂದುಕೊಂಡಿದ್ದೆ. ದಾಖಲೆ ಹೆಚ್ಚು ಬೇಕಾಗುವುದು ಕಳ್ಳನಲ್ಲದವನಿಗೆ. ರಾತ್ರಿಯೆಲ್ಲ ಓದಿ ಪಾಸಾದ ಒಬ್ಬ ಮೇಷ್ಟ್ರು, ನಾನು ನಿಜವಾಗಿಯೂ ಪಾಸಾಗಿದ್ದೆ ಸ್ವಾಮಿ ಅಂತ ತೋರಿಸಲು ಇದ್ದದ್ದು ಒಂದೇ ಒಂದು ಹಾಳೆ. ಅದನ್ನೂ ಹರಿದು ಹಾಕಿದರಲ್ಲ..

ತೀರ್ಪು ಸರಿಯೇ ಅಂತ ಕೇಳಿದರೆ, ಬೇರೆ ದಾರಿ ನನಗೂ ಕಾಣುತ್ತಿಲ್ಲ. ಆದರೆ ಮನಸ್ಸು ಒಪ್ಪುತ್ತಿಲ್ಲ. ನಿಮ್ಮ ಮನೆಯಲ್ಲೂ ಮೇಷ್ಟ್ರುಗಳಿರಬಹುದು, ನಿಮಗೇನನ್ನಿಸುತ್ತೆ ಹೇಳಿ.